ಬರೀ ‘ಆರ್‌ಟಿಎ’ ಅಂತ ಬರೆದರೆ ಕೋಡ್ ಹಾಕೋದು ಹೇಗೆ?

ಕೇಸ್ ಶೀಟ್‌ನಲ್ಲಿ ‘ಆರ್‌ಟಿಎ’ (ರೋಡ್ ಟ್ರಾಫಿಕ್ ಆಕ್ಸಿಡೆಂಟ್, ಅಂದರೆ ರಸ್ತೆ ಅಪಘಾತ) ಅಂತ ಇರುತ್ತದೆ. ಕೆಳಗೆ ಬಲಗಾಲು ಮುರಿತ, ಟಿಟಿ ಇಂಜೆಕ್ಷನ್ ಕೊಟ್ಟಿದೆ, ಮೈಸೂರಿಗೆ ರೆಫರ್. ಚಿಕಿತ್ಸೆಗೆ ಅಷ್ಟು ಸಾಕು. ರಾತ್ರಿ ಪಾಳಿಯಲ್ಲಿ ಒಬ್ಬರೇ ಇರುವ ಡಾಕ್ಟರನ್ನು ನಾನು ದೂರುವುದೂ ಇಲ್ಲ. ಆದರೆ ಆ ಫೈಲು ದಾಖಲೆ ವಿಭಾಗಕ್ಕೆ ಬಂದಾಗ ನಾವು ಅದಕ್ಕೆ ಎರಡು ಬಗೆಯ ಕೋಡ್ ಹಾಕಬೇಕು, ಎರಡನೆಯದಕ್ಕೆ ಬೇಕಾದ ಮಾಹಿತಿ ಮಾತ್ರ ಅಲ್ಲಿ ಇರುವುದೇ ಇಲ್ಲ.

ಮೊದಲನೆಯದು ಏನು ಪೆಟ್ಟಾಗಿದೆ ಅನ್ನುವುದು. ಐಸಿಡಿ-10ರಲ್ಲಿ, ಅಂದರೆ ಕಾಯಿಲೆ, ಪೆಟ್ಟುಗಳಿಗೆ ವಿಶ್ವ ಆರೋಗ್ಯ ಸಂಸ್ಥೆ ಮಾಡಿದ ಕೋಡ್ ಪಟ್ಟಿಯಲ್ಲಿ, ಅದು ‘ಎಸ್’ ಅಥವಾ ‘ಟಿ’ಯಿಂದ ಶುರುವಾಗುತ್ತದೆ. ಮೊಣಕಾಲ ಕೆಳಗಿನ ದೊಡ್ಡ ಮೂಳೆಯ ನಡುಭಾಗ ಮುರಿದರೆ ಎಸ್82.2. ಮೂಳೆ ಚರ್ಮ ಹರಿದು ಹೊರಬಂದಿದೆಯಾ ಇಲ್ಲವಾ ಅಂತ ಬರೆಯದಿದ್ದರೆ ಬಂದಿಲ್ಲ ಅಂತಲೇ ಹಿಡಿಯಬೇಕು, ನಿಯಮ ಹಾಗಿದೆ. ಎಕ್ಸ್‌ರೇ ಇದ್ದರೆ ಇದೆಲ್ಲ ಸುಲಭ.

ಎರಡನೆಯದು ಹೇಗಾಯಿತು ಅನ್ನುವುದು. ಸಾರಿಗೆ ಅಪಘಾತಕ್ಕೆ ವಿ01ರಿಂದ ವಿ99. ಇಲ್ಲಿ ಎಲ್ಲರೂ ಮೊದಲು ಕೇಳೋದು ‘ತಪ್ಪು ಯಾರದ್ದು’ ಅಂತ. ಕೋಡಿಗೆ ಅದು ಬೇಡ, ಅದು ಪೊಲೀಸರ ಕೆಲಸ. ಪೆಟ್ಟು ತಿಂದವರು ಯಾವುದರಲ್ಲಿ ಇದ್ದರು, ಅದು ಯಾವುದಕ್ಕೆ ಗುದ್ದಿತು, ಅವರು ಓಡಿಸುತ್ತಿದ್ದರಾ ಕೂತಿದ್ದರಾ, ರಸ್ತೆಯಲ್ಲಾ ತೋಟದಲ್ಲಾ, ಇಷ್ಟು ಗೊತ್ತಾದರೆ ಕೋಡ್ ತಾನಾಗಿ ಸಿಗುತ್ತದೆ.

ನಡೆದು ಹೋಗುವವರು ವಿ01ರಿಂದ 09, ಬೈಕ್ ಸವಾರರು 20ರ ಸಾಲು, ಆಟೋ 30, ಕಾರು 40, ಪಿಕಪ್ ಮತ್ತು ವ್ಯಾನ್ 50, ಲಾರಿ 60, ಬಸ್ಸು 70. ಮುಂದಿನ ಅಂಕಿ ಗುದ್ದಿದ್ದು ಯಾವುದಕ್ಕೆ ಅಂತ ಹೇಳುತ್ತದೆ. 3 ಅಂದರೆ ಕಾರು ಅಥವಾ ಪಿಕಪ್, 4 ಅಂದರೆ ಲಾರಿ ಅಥವಾ ಬಸ್ಸು, 7 ಅಂದರೆ ಮರ, ಗೋಡೆ, ಕಂಬ, 8 ಅಂದರೆ ಯಾವುದಕ್ಕೂ ಗುದ್ದದೆ ಪಲ್ಟಿ. ಹಾಗಾಗಿ ಬೈಕ್ ಲಾರಿಗೆ ಗುದ್ದಿ ಸವಾರನಿಗೆ ಪೆಟ್ಟಾದರೆ ವಿ24, ಕಾರು ಮರಕ್ಕೆ ಗುದ್ದಿ ಒಳಗಿದ್ದವರಿಗೆ ಪೆಟ್ಟಾದರೆ ವಿ47.

ಇನ್ನು ನಮ್ಮ ಕೊಡಗಿನ ಘಾಟಿ ಕಥೆ. ಮಳೆಗಾಲದಲ್ಲಿ ಸಂಪಾಜೆ ಘಾಟಿಯ ತಿರುವಿನಲ್ಲಿ ಬೈಕ್ ಜಾರಿ ಹೋಗಿ ತಡೆಗೋಡೆಗೆ ಬಡಿಯಿತು ಅಂತಿಟ್ಟುಕೊಳ್ಳಿ. ಕರೆತಂದವರು ‘ಸ್ಕಿಡ್ ಆಯ್ತು ಸಾರ್’ ಅನ್ನುತ್ತಾರೆ, ಹೊಸಬರು ವಿ28 ಹಾಕಿಬಿಡುತ್ತಾರೆ. ಹಾಗಲ್ಲ. ತಿರುವು ಸಿಗದೆ, ಹಿಡಿತ ತಪ್ಪಿ ಅಥವಾ ಜಾರಿ ಆಮೇಲೆ ಯಾವುದಕ್ಕಾದರೂ ಗುದ್ದಿದರೆ ಅದು ಗುದ್ದಿದ ಲೆಕ್ಕ, ವಿ27. ಏನಕ್ಕೂ ತಾಗದೆ ಉರುಳಿದರೆ ಮಾತ್ರ 28.

ಆನೆಯದ್ದೂ ಹಾಗೇ. ತಿತಿಮತಿ ಕಡೆ ರಸ್ತೆಗೆ ಬಂದ ಆನೆಗೆ ಬೈಕ್ ಗುದ್ದಿದರೆ ವಿ20, ಅದು ಪಾದಚಾರಿ ಅಥವಾ ಪ್ರಾಣಿಗೆ ಗುದ್ದಿದ್ದರ ಕೋಡ್. ಆನೆ ಕಂಡು ಗಾಬರಿಯಾಗಿ ಪಕ್ಕಕ್ಕೆ ತಿರುಗಿಸಿ ಮರಕ್ಕೆ ಬಡಿದರೆ ವಿ27, ಆನೆ ಲೆಕ್ಕಕ್ಕೇ ಬರುವುದಿಲ್ಲ. ತೋಟಕ್ಕೆ ನಡೆದು ಹೋಗುತ್ತಿದ್ದವರನ್ನು ಆನೆ ತುಳಿದರೆ ಅದು ಸಾರಿಗೆ ಅಪಘಾತವೇ ಅಲ್ಲ, ಪ್ರಾಣಿ ಕಚ್ಚಿದ, ಗುದ್ದಿದ ಪೆಟ್ಟಿನ ಡಬ್ಲ್ಯು55ಕ್ಕೆ ಹೋಗುತ್ತದೆ. ಆನೆ ಕಾಟದ ಅಂಕಿಅಂಶವನ್ನು ಆಸ್ಪತ್ರೆ ಕೋಡಿನಿಂದ ತೆಗೆಯಲು ಹೊರಟವರು ಇದನ್ನು ನೆನಪಿಡಬೇಕು.

ನನಗೆ ಜಾಸ್ತಿ ತಲೆ ತಿನ್ನುವುದು ಕಾಫಿ ಕೊಯ್ಲಿನ ಕಾಲದ ಪಿಕಪ್. ಹಿಂದೆ ಲೋಡಿನ ಜಾಗದಲ್ಲಿ ಆಳುಗಳು ತುಂಬಿರುತ್ತಾರೆ, ಒಬ್ಬಿಬ್ಬರು ಮೆಟ್ಟಿಲ ಮೇಲೆ ನಿಂತು ಜೋತಾಡುತ್ತಿರುತ್ತಾರೆ. ಪಲ್ಟಿಯಾದಾಗ ಇವರೆಲ್ಲರದ್ದೂ ಒಂದೇ ಕೋಡ್ ಅಲ್ಲ. ಮೆಟ್ಟಿಲು, ಬಂಪರ್, ಟಾಪ್ ಮೇಲೆ ಇದ್ದವರು ‘ವಾಹನದ ಹೊರಗಿದ್ದವರು’, ವಿ58.7. ಸಾಮಾನು ಹಾಕುವ ಜಾಗದಲ್ಲಿ ಇದ್ದವರು ಪ್ರಯಾಣಿಕರು, ವಿ58.6. ಅಂದರೆ ಸೀಟಿನಲ್ಲಿ ಬೆಲ್ಟ್ ಹಾಕಿ ಕೂತವರಿಗೂ, ಗೊಬ್ಬರದ ಚೀಲದ ಮೇಲೆ ಕೂತವರಿಗೂ ಒಂದೇ ಅಂಕಿ! ನನಗೆ ಇದು ಸರಿ ಕಾಣುವುದಿಲ್ಲ. ಸರಕಿನ ಗಾಡಿಯಲ್ಲಿ ಜನ ಸಾಗಿಸಿ ಎಷ್ಟು ಜನರಿಗೆ ಪೆಟ್ಟಾಯಿತು ಅಂತ ಯಾರಾದರೂ ಕೇಳಿದರೆ ಕೋಡ್ ಉತ್ತರ ಕೊಡುವುದಿಲ್ಲ, ಕೇಸ್ ಶೀಟ್‌ನಲ್ಲಿ ಬರೆದಿದ್ದರೆ ಮಾತ್ರ ಗೊತ್ತಾಗುತ್ತದೆ.

ಕೊನೆಯ ಅಂಕಿಯಲ್ಲಿ ಇನ್ನೊಂದು ಗುಂಡಿ ಇದೆ. ಬೈಕಿನಲ್ಲಿ .4 ಅಂದರೆ ಓಡಿಸುವವರು, .5 ಹಿಂಬದಿ ಸವಾರರು. ಆಟೋ, ಕಾರು, ಪಿಕಪ್, ಲಾರಿ, ಬಸ್ಸಿನಲ್ಲಿ .5 ಡ್ರೈವರ್, .6 ಪ್ರಯಾಣಿಕರು, .4 ಅಂದರೆ ಹತ್ತುವಾಗ ಇಳಿಯುವಾಗ ಪೆಟ್ಟಾದವರು. ಬೈಕಿನ ಅಭ್ಯಾಸದಲ್ಲಿ ಕಾರಿಗೂ .4 ಹಾಕಿದರೆ ಡ್ರೈವರ್ ಸುಮ್ನೆ ಕಾರು ಹತ್ತುವಾಗ ಬಿದ್ದ ಅಂತಾಗುತ್ತದೆ.

ಇದೇ ಪಿಕಪ್ ತೋಟದ ಒಳಗಿನ ಖಾಸಗಿ ದಾರಿಯಲ್ಲಿ ಪಲ್ಟಿಯಾದರೆ .6 ಹೋಗಿ .1 ಆಗುತ್ತದೆ. ಮುಖ್ಯ ರಸ್ತೆಯಲ್ಲಿ ಹಿಡಿತ ತಪ್ಪಿ ತೋಟಕ್ಕೆ ಉರುಳಿದರೆ ಅದು ರಸ್ತೆಯದ್ದೇ. ಜಾಗ ಬರೆಯದಿದ್ದರೂ ರಸ್ತೆ ಅಂತಲೇ ಹಿಡಿಯಬೇಕು. ಟ್ರ್ಯಾಕ್ಟರ್ ಮಾತ್ರ ಉಲ್ಟಾ, ಅದರದ್ದು ವಿ84, ಜಾಗ ಬರೆಯದಿದ್ದರೆ ರಸ್ತೆಯಲ್ಲ ಅಂತ ಹಿಡಿಯುವುದು. ನಿಂತ ಟ್ರ್ಯಾಕ್ಟರ್ ರಿಪೇರಿ ಮಾಡುವಾಗ ಕೈ ಸಿಕ್ಕಿಕೊಂಡರೆ ಸಾರಿಗೆಯೇ ಅಲ್ಲ, ಕೃಷಿ ಯಂತ್ರದಿಂದಾದ ಪೆಟ್ಟಿನ ಡಬ್ಲ್ಯು30. ರಸ್ತೆಯಾ ಅಲ್ಲವಾ ಅನ್ನುವುದು ಈಗ ಇನ್ನೊಂದು ಕಾರಣಕ್ಕೂ ಮುಖ್ಯ. 2025ರ ಮೇ ತಿಂಗಳಲ್ಲಿ ಬಂದ ಕೇಂದ್ರದ ನಗದುರಹಿತ ಚಿಕಿತ್ಸೆ ಯೋಜನೆ ಮೋಟಾರು ವಾಹನದಿಂದ ರಸ್ತೆಯಲ್ಲಿ ಆದ ಅಪಘಾತಕ್ಕೆ, ಏಳು ದಿನದವರೆಗೆ, ಒಬ್ಬರಿಗೆ ಒಂದೂವರೆ ಲಕ್ಷ ರೂಪಾಯಿವರೆಗೆ. ಪೊಲೀಸ್ ವರದಿಯಲ್ಲಿ ಒಂದು, ಕೇಸ್ ಶೀಟ್‌ನಲ್ಲಿ ಇನ್ನೊಂದು ಇದ್ದರೆ ಪ್ರಶ್ನೆ ಬಂದೇ ಬರುತ್ತದೆ.

‘ಬೈಕ್-ಲಾರಿ ಆಕ್ಸಿಡೆಂಟ್’ ಅಂತ ಬರೆದು, ಪೆಟ್ಟಾದವರು ಯಾವುದರಲ್ಲಿ ಇದ್ದರು ಅಂತ ಬರೆಯದಿದ್ದರೆ ಬೈಕಿನಲ್ಲೇ ಇದ್ದಿರಬೇಕು ಅಂತ ಊಹಿಸುವ ಹಾಗಿಲ್ಲ, ಯಾವುದರಲ್ಲಿ ಇದ್ದರೋ ಗೊತ್ತಿಲ್ಲ ಅನ್ನುವ ವಿ87ಕ್ಕೆ ತಳ್ಳಬೇಕು. ಘಾಟಿಯಲ್ಲಿ ಜೀಪ್ ನಿಲ್ಲಿಸಿ ಟೈರ್ ಬದಲಾಯಿಸುತ್ತಿದ್ದ ಡ್ರೈವರಿಗೆ ಬಸ್ಸು ಗುದ್ದಿದರೆ? ಅವರು ಆ ಹೊತ್ತಿಗೆ ಪಾದಚಾರಿ, ವಿ04.

ಮಾಹಿತಿ ಕೊಡುವವರು ಯಾರು ಅನ್ನುವುದೂ ಮುಖ್ಯ. ತೋಟದಿಂದ ಬಂದವರ ಪರವಾಗಿ ಸಾಮಾನ್ಯವಾಗಿ ತೋಟದ ಲೆಕ್ಕ ಬರೆಯುವ ರೈಟರೋ ಮೇಸ್ತ್ರಿಯೋ ಮಾತಾಡುತ್ತಾರೆ. ಅಸ್ಸಾಂ ಕಡೆಯ ಆಳಾದರೆ ಭಾಷೆಯ ತೊಂದರೆ ಬೇರೆ. ‘ಜಾರಿ ಬಿದ್ದ’ ಅಂತ ಹೇಳಿ ಮುಗಿಸುತ್ತಾರೆ. ಮೈತುಂಬ ತರಚಿದ ಗಾಯ, ಪಕ್ಕೆಲುಬು ಮುರಿದಿದೆ, ಜಾರಿ ಬಿದ್ದರೆ ಹೀಗಾಗುತ್ತದಾ? ಪ್ರಜ್ಞೆ ಇದ್ದರೆ ಪೆಟ್ಟಾದವರನ್ನೇ ಕೇಳಿ, ಯಾರು ಏನು ಹೇಳಿದರು ಅಂತ ಹೆಸರು ಹಾಕಿ ಬರೆಯಿರಿ.

ಸಾವಾದರಂತೂ ಇನ್ನೂ ಜಾಸ್ತಿ ಎಚ್ಚರ ಬೇಕು. ಸಾವಿನ ಕಾರಣದ ನಮೂನೆ 4ರಲ್ಲಿ ‘ತಲೆಗೆ ಪೆಟ್ಟು’ ಅಂತ ನಿಲ್ಲಿಸಿದರೆ ಸಾಲದು. ಅಪಘಾತದ ಸಾವಿನಲ್ಲಿ ಮೂಲ ಕಾರಣ ಎಸ್06 (ತಲೆಯೊಳಗಿನ ಪೆಟ್ಟು) ಅಲ್ಲ, ಆ ‘ವಿ’ ಕೋಡೇ. ಡಾಕ್ಟರಿಗೆ ಕೋಡ್ ಗೊತ್ತಿರಬೇಕಾಗಿಲ್ಲ. ‘ಪಿಕಪ್‌ನ ಲೋಡಿನ ಜಾಗದಲ್ಲಿ ಕೂತಿದ್ದರು, ಮುಖ್ಯ ರಸ್ತೆಯ ತಿರುವಿನಲ್ಲಿ ಪಲ್ಟಿ, ಯಾವುದಕ್ಕೂ ಗುದ್ದಿಲ್ಲ’ ಅಂತ ಒಂದು ಸಾಲು ಬರೆದರೆ ಉಳಿದದ್ದು ನಾವು ನೋಡಿಕೊಳ್ಳುತ್ತೇವೆ.