ಪಿಐಎಲ್‌ಗಿಂತ ಮೊದಲು ಪ್ರಾಪರ್ಟಿ ಕಾರ್ಡು

ಮುಂಬಯಿಯ ಮುಲುಂಡ್‌ನ ಕನ್ನಡಿಗರೊಬ್ಬರು ನನ್ನ ಆಫೀಸಿಗೆ ಬಂದಿದ್ದರು. ಸೊಸೈಟಿ ಪಕ್ಕದ ಮೈದಾನದಲ್ಲಿ ಮೊದಲು ಒಂದು ಚಹಾ ಟಪರಿ ಬಂತಂತೆ. ಆಮೇಲೆ ಗ್ಯಾರೇಜು. ಈಗ ಹತ್ತು ಹದಿನೈದು ಝೋಪಡಿ. ‘ಒಂದು ಪಿಐಎಲ್ ಜಡಿದುಬಿಡಿ, ವಕೀಲರೇ’ ಎಂದರು. ಪಿಐಎಲ್ ಅಂದರೆ ಸಾರ್ವಜನಿಕ ಹಿತಾಸಕ್ತಿ ಅರ್ಜಿ.

ಜಾಗ ಯಾರದು ಎಂದು ಕೇಳಿದೆ.

‘ಸರ್ಕಾರದ್ದು, ಅಲ್ವಾ?’

ಮುಂಬಯಿಯಲ್ಲಿ ಸರ್ಕಾರ ಅಂದರೆ ಒಬ್ಬರಲ್ಲ. ಪಾಲಿಕೆ, ಕಲೆಕ್ಟರ್, ಮ್ಹಾಡಾ (ರಾಜ್ಯದ ವಸತಿ ಪ್ರಾಧಿಕಾರ), ರೈಲ್ವೆ, ಅರಣ್ಯ ಇಲಾಖೆ, ಎಲ್ಲರಿಗೂ ಇಲ್ಲಿ ಜಾಗವಿದೆ. ತಪ್ಪು ಇಲಾಖೆಯನ್ನು ಕೋರ್ಟಿಗೆ ಎಳೆದರೆ ಅದು ‘ನಮ್ಮದಲ್ಲ’ ಎಂದು ಅಫಿಡವಿಟ್ ಹಾಕಿ ಕೈ ತೊಳೆದುಕೊಳ್ಳುತ್ತದೆ. ಅಷ್ಟರಲ್ಲಿ ಝೋಪಡಿಗೆ ಮಾಳಿಗೆ ಬಂದಿರುತ್ತದೆ. ಹಾಗಾಗಿ ಮೊದಲು ಸಿಟಿ ಸರ್ವೆ ಆಫೀಸಿನ ಪ್ರಾಪರ್ಟಿ ಕಾರ್ಡು ತನ್ನಿ, ಜಾಗ ಯಾರ ಹೆಸರಿನಲ್ಲಿದೆ ಎಂದು ಅದರಲ್ಲಿರುತ್ತದೆ. ಪಾಲಿಕೆಯ ಡಿಪಿ ರಿಮಾರ್ಕ್, ಅಂದರೆ ಅಭಿವೃದ್ಧಿ ಯೋಜನೆಯಲ್ಲಿ ಆ ಜಾಗ ಯಾವುದಕ್ಕೆ ಎಂಬ ಟಿಪ್ಪಣಿ, ತನ್ನಿ. ಅದು ನಿಜಕ್ಕೂ ಮೈದಾನಕ್ಕೆಂದು ಮೀಸಲಾದ ಜಾಗವೇ ಎಂಬುದು ಅಲ್ಲೇ ಗೊತ್ತಾಗುತ್ತದೆ. ಆಮೇಲೆ ಆ ಇಲಾಖೆಗೆ ಲಿಖಿತ ದೂರು, ಅದರ ಸೀಲು ಬಿದ್ದ ಪ್ರತಿ. ವಾಟ್ಸಾಪ್ ಫೋಟೋ ದೂರಲ್ಲ.

ಇನ್ನೊಂದು ಪ್ರಶ್ನೆ ಕೇಳಿದೆ. ಆ ಜಾಗದಲ್ಲಿ ಕಾರು ನಿಲ್ಲಿಸುವ ಆಸೆ ಸೊಸೈಟಿಗೆ ಇದೆಯಾ? ಅವರು ಸ್ವಲ್ಪ ಹೊತ್ತು ಮಾತಾಡಲಿಲ್ಲ. ಸ್ವಂತ ಲಾಭವಿದ್ದರೆ ಅದನ್ನು ಮುಚ್ಚಿಡುವಂತಿಲ್ಲ. ಪಿಐಎಲ್‌ಗೆಂದೇ ಬಾಂಬೆ ಹೈಕೋರ್ಟು 2010ರಲ್ಲಿ ನಿಯಮ ಮಾಡಿದೆ. ಅರ್ಜಿದಾರರು ಪ್ರಾಮಾಣಿಕರೇ ಎಂದು ನೋಡಲು ಠೇವಣಿ ಇಡಿ ಎಂದು ನ್ಯಾಯಮೂರ್ತಿಗಳು ಹೇಳುವುದೂ ಉಂಟು.

ಇನ್ನು ಝೋಪಡಿಯವರ ಕಡೆ. ನಮ್ಮ ಜನ ಜಾಸ್ತಿ ತಪ್ಪು ತಿಳಿದಿರುವುದು ಇಲ್ಲೇ. ಮುಂಬಯಿಯ ಫುಟ್‌ಪಾತ್ ವಾಸಿಗಳ ಕೇಸಿನಲ್ಲಿ ಸುಪ್ರೀಂ ಕೋರ್ಟು ಕೊಟ್ಟ 1985ರ ಓಲ್ಗಾ ಟೆಲ್ಲಿಸ್ ತೀರ್ಪು ಬದುಕುವ ಹಕ್ಕಿನಲ್ಲಿ ಹೊಟ್ಟೆಪಾಡಿನ ಹಕ್ಕೂ ಸೇರಿದೆ ಎಂದಿತು. ಆದರೆ ಫುಟ್‌ಪಾತಿನಲ್ಲಿ ಮನೆ ಕಟ್ಟುವ ಹಕ್ಕಿದೆ ಎಂದು ಹೇಳಲಿಲ್ಲ. 1976ರ ಗಣತಿಯಲ್ಲಿ ಹೆಸರಿದ್ದವರಿಗೆ ಬೇರೆ ಜಾಗ ಕೊಡಿ ಎಂದಿತು. ಮುಂಬಯಿಯ ಸಂಜಯ್ ಗಾಂಧಿ ರಾಷ್ಟ್ರೀಯ ಉದ್ಯಾನದ ಒತ್ತುವರಿ ಕುರಿತ ಪಿಐಎಲ್‌ನಲ್ಲೂ ಹೀಗೇ ಆಯಿತು. ಬಾಂಬೆ ಹೈಕೋರ್ಟಿನ 1997ರ ಆದೇಶದ ಪ್ರಕಾರ 1995ರ ಜನವರಿ 1ರ ಮತದಾರರ ಪಟ್ಟಿಯಲ್ಲಿ ಇದ್ದವರು 7,000 ರೂಪಾಯಿ ಕಟ್ಟಿದರೆ ಪುನರ್ವಸತಿ. ಉಳಿದವರು ಖಾಲಿ ಮಾಡಬೇಕು. ಒಂದು ಹಳೇ ಮತದಾರರ ಪಟ್ಟಿ ಒಂದು ಸಂಸಾರದ ಸೂರು ಉಳಿಸುತ್ತದೆ, ಅಥವಾ ಕಳೆಯುತ್ತದೆ. ನನಗೆ ಇದು ಪೂರ್ತಿ ನ್ಯಾಯ ಅನ್ನಿಸಿಲ್ಲ, ಆದರೆ ಕೋರ್ಟಿನಲ್ಲಿ ನಡೆಯುವುದು ಇದೇ.

ಕೆಡವಲು 15 ದಿನದ ನೋಟಿಸು ಬೇಕು ಎಂದು 2024ರ ನವೆಂಬರಿನಲ್ಲಿ ಸುಪ್ರೀಂ ಕೋರ್ಟು ಹೇಳಿದ್ದು ಎಲ್ಲರ ಬಾಯಲ್ಲಿದೆ. ಆದರೆ ರಸ್ತೆ, ಫುಟ್‌ಪಾತಿನಂಥ ಸಾರ್ವಜನಿಕ ಜಾಗದಲ್ಲಿರುವ, ರೈಲು ಹಳಿ, ನದಿ, ಕೆರೆಗೆ ತಾಗಿದ ಅನಧಿಕೃತ ಕಟ್ಟಡಗಳಿಗೆ ಅದು ಅನ್ವಯಿಸುವುದಿಲ್ಲ. ಕೋರ್ಟೇ ಕೆಡವಲು ಆದೇಶಿಸಿದ್ದರೂ ಅನ್ವಯಿಸುವುದಿಲ್ಲ. ಅಂದರೆ ಪಿಐಎಲ್‌ನಲ್ಲಿ ಆದೇಶ ಬಿದ್ದರೆ ಆ 15 ದಿನ ನೆಚ್ಚಿ ಕೂರುವಂತಿಲ್ಲ. ಅದಕ್ಕೇ ಝೋಪಡಿಯವರು ಕೇಸು ನಡೆಯುತ್ತಿರುವಾಗಲೇ ಮಧ್ಯಪ್ರವೇಶದ ಅರ್ಜಿ ಹಾಕಿ ‘ನಾವೂ ಇದ್ದೇವೆ, ನಮ್ಮ ಮಾತೂ ಕೇಳಿ’ ಎನ್ನಬೇಕು. ಫೋಟೋಪಾಸು (ಝೋಪಡಿಯವರಿಗೆ ಸರ್ಕಾರ ಕೊಟ್ಟ ಗುರುತಿನ ಚೀಟಿ), ಹಳೇ ಲೈಟ್ ಬಿಲ್ಲು, ಮಕ್ಕಳ ಶಾಲೆ ದಾಖಲೆ, ಯಾವುದನ್ನೂ ಬಿಸಾಡಬೇಡಿ. ಮುಲುಂಡ್‌ನ ಆ ಝೋಪಡಿಗಳಲ್ಲಿ ಎರಡು ಮನೆಯವರು ಕಲಬುರಗಿ ಕಡೆಯವರಂತೆ. ಅವರು ನನ್ನ ಬಳಿ ಬಂದಿದ್ದರೆ ಅವರಿಗೂ ಇದನ್ನೇ ಹೇಳುತ್ತಿದ್ದೆ.

ಮುಲುಂಡ್‌ನವರು ಮೊನ್ನೆ ಮತ್ತೆ ಬಂದರು, ಪ್ರಾಪರ್ಟಿ ಕಾರ್ಡು ಹಿಡಿದುಕೊಂಡು. ಅರ್ಧ ಮೈದಾನ ಪಾಲಿಕೆಯದು. ಗ್ಯಾರೇಜು ಇರುವ ಅರ್ಧ ಕಲೆಕ್ಟರದು. ಈಗ ಎರಡು ದೂರು ಬರೆಯುತ್ತಿದ್ದೇವೆ.