ಫ್ರಿಜ್ ‘ಟಕ್’ ಅಂದರೆ ಐದು ನಿಮಿಷ ಸುಮ್ನಿರಿ

ಬೇಸಿಗೆ ಬಂದರೆ ರಾಯಚೂರಿನಲ್ಲಿ ಫ್ರಿಜ್ ರಿಪೇರಿ ಮಾಡುವ ನನ್ನ ಫೋನಿಗೆ ಬಿಡುವಿಲ್ಲ. “ಅಣ್ಣಾ, ಫ್ರಿಜ್ ಗುಂಯ್ ಅಂತದ, ಟಕ್ ಅಂತದ, ಬಂದ್ ಆಗ್ತದ್ರಿ.” ನಾನು ಮೊದಲು ಕೇಳುವುದು, ಸ್ವಿಚ್ ಎಷ್ಟು ಸಲ ಹಾಕಿ ತೆಗೆದ್ರಿ ಅಂತ. “ಏಳೆಂಟು ಸಲ ನೋಡೀವ್ರಿ.” ಅಲ್ಲೇ ನನಗೆ ಸಂಕಟ.

ಗುಳುಗುಳು ಸದ್ದು ಒಳಗೆ ತಂಪು ಮಾಡುವ ಗ್ಯಾಸಿನದು, ಚಿಂತೆ ಬೇಡ. ಗಡಗಡ ನಡುಗಿದರೆ ಫ್ರಿಜ್ಜಿನ ಕಾಲು ನೋಡಿ. ನಮ್ಮ ಕಡೆ ಶಹಾಬಾದ್ ಕಲ್ಲಿನ ನೆಲ ಎಲ್ಲ ಕಡೆ ಸಮ ಇರಲ್ಲ. ಆದರೆ ಗುಂಯ್ ಅಂದು, ಕೆಲವೇ ಸೆಕೆಂಡಿಗೆ ಟಕ್ ಅಂತ ನಿಂತರೆ ಅದು ಬೇರೆ.

ಕಂಪ್ರೆಸರ್ ಅಂದರೆ ಫ್ರಿಜ್ಜಿನ ಹಿಂದೆ ಕೆಳಗಿರುವ ಮೋಟಾರು ಪಂಪು. ಅದು ಓಡುವಾಗ ಗ್ಯಾಸನ್ನು ಒಂದು ಕಡೆ ಒತ್ತಿ ತುಂಬಿರುತ್ತದೆ. ನಿಂತ ಮೇಲೆ ಆ ಒತ್ತಡ ಕ್ಯಾಪಿಲರಿ ಅನ್ನೋ ಸಣ್ಣ ಕೊಳವೆಯಲ್ಲಿ ನಿಧಾನಕ್ಕೆ ಇಳಿಯಬೇಕು. ಸೂಜಿ ತೂರುವಷ್ಟೇ ಸಣ್ಣ ತೂತು ಅದು. ಐದು ನಿಮಿಷವಾದರೂ ಬೇಕು. ಅಷ್ಟರೊಳಗೆ ಸ್ವಿಚ್ ಹಾಕಿದರೆ ಮೋಟಾರು ತಿರುಗಲಾರದು. ತಿರುಗದೆ ಕರೆಂಟ್ ಎಳೆದು ಬಿಸಿಯಾಗುತ್ತದೆ. ಆಗ ಓವರ್‌ಲೋಡ್ ಅನ್ನೋ ರಕ್ಷಣೆಯ ಸ್ವಿಚ್ಚು ಟಕ್ ಅಂತ ಲೈನ್ ಕಡಿಯುತ್ತದೆ. ಕಂಪ್ರೆಸರ್ ಸುಡದಂತೆ ಉಳಿಸುವ ಸದ್ದೇ ಅದು. ನೀವು ಮತ್ತೆ ಮತ್ತೆ ಹಾಕಿದಷ್ಟೂ ವೈಂಡಿಂಗ್, ಅಂದರೆ ಮೋಟಾರಿನ ತಂತಿ ಸುತ್ತು, ಬಿಸಿಯಾಗುತ್ತಲೇ ಹೋಗುತ್ತದೆ. ಐದು ನಿಮಿಷಕ್ಕಿಂತ ಕಡಿಮೆ ಬೇಡ, ಗಡಿಯಾರ ನೋಡಿ. ಕರೆಂಟ್ ಹೋಗಿ ಬಂದು ಮಾಡುತ್ತಿದ್ದರೆ ಸ್ವಿಚ್ ತೆಗೆದಿಡಿ. ಬಂದು ನಿಂತ ಮೇಲೆ ಹಾಕಿ.

ಹೋದ ಮೇ ತಿಂಗಳು ಒಂದು ಮನೆಗೆ ಹೋದೆ. ಫ್ರಿಜ್ ಗೋಡೆಗೆ ಅಂಟಿಕೊಂಡಿತ್ತು. ಕಂಪ್ರೆಸರ್ ಮೇಲೆ ಕೈ ಇಟ್ಟರೆ ಚುರ್ ಅಂತು. ಮೀಟರ್ ಹಿಡಿದೆ: 165 ವೋಲ್ಟ್. ಬರಬೇಕಾದ್ದು 230. ಮಗ ಇನ್ನೂ ಸ್ವಿಚ್ ಹತ್ತಿರವೇ ನಿಂತಿದ್ದ. ಒಳಗೆ ಅವ್ವನ ಇನ್ಸುಲಿನ್ ಇದೆ ಅನ್ನೋದೇ ಅವನ ಅವಸರ. ಬೈಯಲು ಮನಸ್ಸಾಗಲಿಲ್ಲ. ಅವ್ವ ನೋಡಿದರೆ ಆಗಲೇ ಬಾಟಲಿಯನ್ನು ಪ್ಲಾಸ್ಟಿಕ್ ಚೀಲದಲ್ಲಿ ಬಿಗಿಯಾಗಿ ಕಟ್ಟಿ ನೀರಿನ ಗಡಿಗೆಯೊಳಗೆ ಇಳಿಬಿಟ್ಟಿದ್ದರು! ಫ್ರಿಜ್ಜನ್ನು ಗೋಡೆಯಿಂದ ಒಂದು ಗೇಣು ಮುಂದೆ ಎಳೆದೆವು. ಕಂಪ್ರೆಸರ್ ಅಷ್ಟು ಬಿಸಿಯಾಗಿದ್ದರಿಂದ ಅದು ತಣ್ಣಗಾಗಲಿ ಅಂತ ಚಹಾ ಕುಡಿದು ಮುಕ್ಕಾಲು ತಾಸು ಕಾದೆವು. ಗಾಡಿಯಲ್ಲಿದ್ದ ಸ್ಟೆಬಿಲೈಜರ್ ಹಾಕಿ ಸ್ವಿಚ್ ಒತ್ತಿದೆ. ಓಡಿತು.

ಎಲ್ಲ ಮನೆಯಲ್ಲೂ ಹೀಗೇ ಅಂತ ಹೇಳಲಾರೆ. ಇನ್ವರ್ಟರ್ ಫ್ರಿಜ್ (ಮೋಟಾರಿನ ವೇಗ ತಾನೇ ಹೊಂದಿಸಿಕೊಳ್ಳುವುದು) ಆದರೆ ಅದರ ಎಲೆಕ್ಟ್ರಾನಿಕ್ ಬೋರ್ಡೂ ನೋಡಬೇಕು. ವೋಲ್ಟೇಜ್ ಸರಿಯಿದ್ದು, ಕಾದು ಹಾಕಿದ ಮೇಲೂ ಟಕ್ ಅಂದರೆ ಮೋಟಾರು ಶುರು ಮಾಡಿಸುವ ರಿಲೇ ಹೋಗಿರಬಹುದು, ಕಂಪ್ರೆಸರ್ ಜಾಮ್ ಆಗಿರಲೂಬಹುದು. ಫೋನಿನಲ್ಲಿ ಅದು ಗೊತ್ತಾಗಲ್ಲ. ಆದರೆ ಬಂದವರು ಬಾಗಿಲಲ್ಲೇ ನಿಂತು ಕಂಪ್ರೆಸರ್ ಹೋಗಿದೆ ಅಂದರೆ, ಮೊದಲು ರಿಲೇ ಬಿಚ್ಚಿ ತೋರಿಸ್ರಿ ಅನ್ನಿ.