ಪೆಟ್ರೋಲಿನಿಂದ ಹೊರಟ ಸೀಸ ಎಲ್ಲಿಗೆ ಹೋಯಿತು?

ನಾವು ಚಿಕ್ಕವರಿದ್ದಾಗ ಪೆನ್ಸಿಲ್‌ಗೆ ಸೀಸದ ಕಡ್ಡಿ ಅಂತಲೇ ಹೆಸರು. ಅದನ್ನು ಬಾಯಿಗೆ ಹಾಕಿಕೊಂಡರೆ ಮೇಷ್ಟ್ರು ಗದರುತ್ತಿದ್ದರು. "ಸೀಸ ಕಣೋ ಅದು, ವಿಷ." ಕಡ್ಡಿಯ ಒಳಗೆ ಇರುವುದು ಸೀಸ ಅಲ್ಲ, ಗ್ರಾಫೈಟ್, ಅಂದರೆ ಒಂದು ಬಗೆಯ ಇಂಗಾಲ ಎಂದು ಗೊತ್ತಾದದ್ದು ಹೈಸ್ಕೂಲಿಗೆ ಬಂದ ಮೇಲೆ. ಆದರೂ ಮೇಷ್ಟ್ರ ಮಾತು ಪೂರ್ತಿ ತಪ್ಪಲ್ಲ. ಹಳದಿ, ಕೆಂಪು ಬಣ್ಣ ಚೆನ್ನಾಗಿ ಹೊಳೆಯಲಿ ಎಂದು ಪೇಂಟಿಗೆ ಸೀಸದ ಸಂಯುಕ್ತ ಬೆರೆಸುವ ರೂಢಿ ಆಗ ಇತ್ತು. ಪೆನ್ಸಿಲ್ಲಿನ ಹೊರಮೈಯಲ್ಲೂ ಅದು ಇರಬಹುದಿತ್ತು. ಶಾಲೆಯ ಮುಂದಿನ ರಸ್ತೆಯ ಹೊಗೆಯಲ್ಲಂತೂ ಸೀಸ ಖಂಡಿತ ಇತ್ತು. ಅದನ್ನು ನಮಗೆ ಯಾರೂ ಹೇಳಲಿಲ್ಲ. ಹೇಳಬೇಕಾದವರಿಗೂ ಗೊತ್ತಿರಲಿಲ್ಲ.

2021ರ ಜುಲೈ ತಿಂಗಳಲ್ಲಿ ಅಲ್ಜೀರಿಯಾ ದೇಶ ಸೀಸ ಬೆರೆಸಿದ ಪೆಟ್ರೋಲ್ ಮಾರುವುದನ್ನು ನಿಲ್ಲಿಸಿತು. ಜಗತ್ತಿನಲ್ಲಿ ಕಾರು, ಬೈಕುಗಳಿಗೆ ಅಂಥ ಪೆಟ್ರೋಲ್ ಹಾಕುತ್ತಿದ್ದ ಕೊನೆಯ ದೇಶ ಅದು. ಇದರಿಂದ ವರ್ಷಕ್ಕೆ 12 ಲಕ್ಷಕ್ಕೂ ಹೆಚ್ಚು ಅಕಾಲ ಸಾವು ತಪ್ಪುತ್ತದೆ ಎಂದು ವಿಶ್ವಸಂಸ್ಥೆಯ ಪರಿಸರ ಕಾರ್ಯಕ್ರಮ ಅಂದಾಜು ಮಾಡಿತು. ಕೊರೊನಾ ಸುದ್ದಿಗಳ ನಡುವೆ ಈ ಸುದ್ದಿ ಬಂದು ಹೋದದ್ದೇ ಹೆಚ್ಚಿನವರಿಗೆ ತಿಳಿಯಲಿಲ್ಲ. ನನಗೆ ಮಾತ್ರ ಇದು ನಮ್ಮ ಕಾಲದ ದೊಡ್ಡ ಸುದ್ದಿಗಳಲ್ಲಿ ಒಂದು. ಯಾಕೆಂದರೆ ಈ ಕೆಲಸಕ್ಕೆ ನೂರು ವರ್ಷ ಹಿಡಿಯಿತು.

ಪೆಟ್ರೋಲಿಗೆ ಸೀಸ ಸೇರಿಸುವ ಯೋಚನೆ ಬಂದದ್ದು 1921ರ ಡಿಸೆಂಬರಿನಲ್ಲಿ. ಅಮೆರಿಕದ ಜನರಲ್ ಮೋಟಾರ್ಸ್ ಕಂಪನಿಯಲ್ಲಿದ್ದ ಥಾಮಸ್ ಮಿಜ್ಲಿ ಎಂಬ ಎಂಜಿನಿಯರ್ ಒಂದು ತೊಂದರೆಗೆ ಪರಿಹಾರ ಹುಡುಕುತ್ತಿದ್ದ. ಎಂಜಿನ್ ಒಳಗೆ ಇಂಧನ ಸರಿಯಾದ ಹೊತ್ತಿಗೆ ಉರಿಯದೆ ಟಕಟಕ ಸದ್ದು ಮಾಡುತ್ತಿತ್ತು, ಶಕ್ತಿ ಸೋರುತ್ತಿತ್ತು. ಟೆಟ್ರಾಈಥೈಲ್ ಲೆಡ್ (ಲೆಡ್ ಅಂದರೆ ಸೀಸ) ಎಂಬ ದ್ರವವನ್ನು ಒಂದಿಷ್ಟು ಬೆರೆಸಿದರೆ ಸದ್ದು ನಿಲ್ಲುತ್ತದೆ ಎಂದು ಅವನು ಕಂಡುಕೊಂಡ. ಆಲ್ಕೊಹಾಲ್ ಬೆರೆಸಿದರೂ ನಿಲ್ಲುತ್ತಿತ್ತು. ಆದರೆ ಆಲ್ಕೊಹಾಲಿಗೆ ಪೇಟೆಂಟ್ ಸಿಗುವುದಿಲ್ಲ, ಅದನ್ನು ಯಾರು ಬೇಕಾದರೂ ಮಾಡಬಹುದು. ಹೊಸ ಸರಕಿಗೆ 'ಈಥೈಲ್' ಎಂದಷ್ಟೇ ಹೆಸರಿಟ್ಟರು. ಹೆಸರಿನಿಂದ ಸೀಸ ಮಾಯವಾಯಿತು.

ಸೀಸ ವಿಷ ಎಂಬುದು ಆಗ ಹೊಸ ವಿಷಯ ಅಲ್ಲ. 1924ರ ಅಕ್ಟೋಬರಿನಲ್ಲಿ ನ್ಯೂಜೆರ್ಸಿಯ ಒಂದು ಸಂಸ್ಕರಣಾಗಾರದಲ್ಲಿ ಈ ದ್ರವ ತಯಾರಿಸುತ್ತಿದ್ದ ಕೆಲಸಗಾರರು ಭ್ರಮೆ ಹಿಡಿದವರಂತೆ ಆದರು. ಅವರಲ್ಲಿ ಐವರು ಸತ್ತರು. ಹಾರ್ವರ್ಡ್ ವಿಶ್ವವಿದ್ಯಾಲಯದ ವೈದ್ಯೆ ಆಲಿಸ್ ಹ್ಯಾಮಿಲ್ಟನ್ ಇದು ಬೇಡವೇ ಬೇಡ ಎಂದು ಸರ್ಕಾರ ಕರೆದ ಸಭೆಯಲ್ಲೇ ಹೇಳಿದರು. ಕಂಪನಿಗಳ ಪರವಾಗಿ ನಿಂತ ವಿಜ್ಞಾನಿ ರಾಬರ್ಟ್ ಕೀಹೋ ಅವರ ವಾದ ಬೇರೆ. ಮನುಷ್ಯನ ದೇಹದಲ್ಲಿ ಸ್ವಲ್ಪ ಸೀಸ ಇರುವುದು ಸಹಜ, ಹಾನಿ ಆಗುತ್ತದೆ ಎನ್ನುವವರು ಲೆಕ್ಕ ತೋರಿಸಲಿ ಎಂದರು. ಇದಕ್ಕೆ ಅವರು ಕೊಟ್ಟ ಸಾಕ್ಷಿ, ಮೆಕ್ಸಿಕೋದ ಹಳ್ಳಿಯೊಂದರ ಜನ. ಕಾರ್ಖಾನೆಯಿಂದ, ಕಾರಿನಿಂದ ದೂರ ಇದ್ದ ಅವರ ಮೈಯಲ್ಲೂ ಸೀಸ ಸಿಕ್ಕಿತ್ತು. ಆದರೆ ಆ ಜನ ಉಣ್ಣುತ್ತಿದ್ದ ಮಣ್ಣಿನ ತಟ್ಟೆಗಳ ಹೊಳಪಿನಲ್ಲೇ ಸೀಸ ಇತ್ತು. ಹಾಗಿರುವಾಗ ಅದನ್ನು ಸಹಜ ಎನ್ನಲು ಬರುವುದಿಲ್ಲ. ಸುಮಾರು ನಲವತ್ತು ವರ್ಷ ಕೀಹೋ ಅವರ ಮಾತೇ ನಡೆಯಿತು.

ಅದನ್ನು ಅಲ್ಲಾಡಿಸಿದ್ದು ವೈದ್ಯರಲ್ಲ. ಭೂಮಿಯ ವಯಸ್ಸು ಎಷ್ಟು ಎಂದು ಹುಡುಕುತ್ತಿದ್ದ ಒಬ್ಬ ವ್ಯಕ್ತಿ.

ಅವರ ಹೆಸರು ಕ್ಲೇರ್ ಪ್ಯಾಟರ್ಸನ್. 1948ರಲ್ಲಿ ಷಿಕಾಗೋದಲ್ಲಿ ಅವರಿಗೆ ಸಿಕ್ಕ ಕೆಲಸ ಕಲ್ಲಿನೊಳಗಿನ ಸೀಸ ಅಳೆಯುವುದು. ಯುರೇನಿಯಂ ನಿಧಾನಕ್ಕೆ ಕ್ಷಯಿಸುತ್ತಾ ಸೀಸವಾಗುತ್ತದೆ. ಎಷ್ಟು ಹೊತ್ತಿಗೆ ಎಷ್ಟು ಆಗುತ್ತದೆ ಎಂಬ ಲೆಕ್ಕ ಗಟ್ಟಿ ಇದೆ. ಹಾಗಾಗಿ ಕಲ್ಲಿನೊಳಗಿನ ಸೀಸದ ಬಗೆಗಳನ್ನು ಅಳೆದರೆ ಕಲ್ಲಿನ ವಯಸ್ಸು ಗೊತ್ತಾಗುತ್ತದೆ. ಕೇಳಲು ಸುಲಭ. ಆದರೆ ಪ್ರತಿ ಸಲ ಅಳೆದಾಗಲೂ ಲೆಕ್ಕ ಎಲ್ಲಿಗೋ ಹೋಗುತ್ತಿತ್ತು. ಇರಬೇಕಾದ್ದಕ್ಕಿಂತ ಬಹಳ ಜಾಸ್ತಿ ಸೀಸ. ಪ್ಯಾಟರ್ಸನ್ ಉಪಕರಣವನ್ನು ಅನುಮಾನಿಸಿದರು, ತಮ್ಮ ಕೈಯನ್ನೇ ಅನುಮಾನಿಸಿದರು. ಕೊನೆಗೆ ಗೊತ್ತಾಯಿತು, ಸೀಸ ಎಲ್ಲ ಕಡೆಯಿಂದಲೂ ಬರುತ್ತಿತ್ತು. ನಲ್ಲಿಯ ನೀರಿನಲ್ಲಿ, ಗಾಜಿನಲ್ಲಿ, ಗೋಡೆಯ ಬಣ್ಣದಲ್ಲಿ, ಧೂಳಿನಲ್ಲಿ, ತಲೆಗೂದಲಲ್ಲಿ.

ಅವರು ಸೋಲಲಿಲ್ಲ. ಕ್ಯಾಲಿಫೋರ್ನಿಯಾದ ಕ್ಯಾಲ್ಟೆಕ್ ಸಂಸ್ಥೆಗೆ ಹೋಗಿ ಒಂದು ಶುದ್ಧ ಪ್ರಯೋಗಾಲಯ ಕಟ್ಟಿದರು. ನೆಲ ತಿಕ್ಕಿದರು, ಪಾತ್ರೆಗಳನ್ನು ಆಮ್ಲದಲ್ಲಿ ತೊಳೆದರು, ಒಳಗೆ ಬರುವ ಗಾಳಿಯನ್ನೂ ಸೋಸಿದರು. ಅರಿಜೋನಾದಲ್ಲಿ ಬಿದ್ದಿದ್ದ ಉಲ್ಕೆಯ ಚೂರಿನಲ್ಲಿ ಸೀಸ ಅಳೆದು, 1956ರಲ್ಲಿ ಭೂಮಿಯ ವಯಸ್ಸು ಸುಮಾರು 455 ಕೋಟಿ ವರ್ಷ ಎಂದು ಪ್ರಕಟಿಸಿದರು. ಇವತ್ತಿಗೂ ಆ ಸಂಖ್ಯೆ ಹೆಚ್ಚುಕಡಿಮೆ ಹಾಗೇ ಇದೆ.

ಬೇರೆಯವರಾದರೆ ಅಲ್ಲಿಗೆ ತೃಪ್ತರಾಗುತ್ತಿದ್ದರು, ಅಲ್ವಾ? ಪ್ಯಾಟರ್ಸನ್‌ಗೆ ಮಾತ್ರ ತಮ್ಮ ಲೆಕ್ಕ ಕೆಡಿಸಿದ ಆ ಧೂಳು ಮರೆಯಲಿಲ್ಲ. ಗ್ರೀನ್‌ಲ್ಯಾಂಡಿನ ಹಿಮವನ್ನು ಪದರ ಪದರವಾಗಿ ಅಗೆದು ನೋಡಿದರು. ಪ್ರತಿ ಪದರವೂ ಆಯಾ ಕಾಲದ ಗಾಳಿಯ ದಾಖಲೆ. ಕ್ರಿಸ್ತಪೂರ್ವ ಕಾಲದ ಹಿಮಕ್ಕೆ ಹೋಲಿಸಿದರೆ 1960ರ ದಶಕದ ಹಿಮದಲ್ಲಿ ಸೀಸ ನೂರಾರು ಪಟ್ಟು ಏರಿತ್ತು. ಅಮೆರಿಕದವರ ಮೈಯಲ್ಲಿರುವ ಸೀಸ ಸಹಜ ಮಟ್ಟದ ಸುಮಾರು ನೂರು ಪಟ್ಟು ಎಂದು 1965ರಲ್ಲಿ ಬರೆದರು. 'ಎಲ್ಲರಲ್ಲೂ ಇದೆ' ಮತ್ತು 'ಸಹಜ' ಎರಡೂ ಒಂದೇ ಅಲ್ಲ ಎಂಬುದು ಅವರು ಹೇಳಿದ ದೊಡ್ಡ ಮಾತು. ಇದಕ್ಕೆ ಅವರು ಬೆಲೆಯನ್ನೂ ತೆತ್ತರು. ಪೆಟ್ರೋಲಿಯಂ ಉದ್ಯಮದ ಹಣ ನಿಂತಿತು. 1971ರಲ್ಲಿ ಗಾಳಿಯಲ್ಲಿನ ಸೀಸದ ಬಗ್ಗೆ ಅಮೆರಿಕದ ರಾಷ್ಟ್ರೀಯ ಸಂಶೋಧನಾ ಮಂಡಳಿಯ ಸಮಿತಿ ವರದಿ ಕೊಟ್ಟಾಗ, ಆ ವಿಷಯವನ್ನು ಎಲ್ಲರಿಗಿಂತ ಚೆನ್ನಾಗಿ ಬಲ್ಲ ಈ ಮನುಷ್ಯನಿಗೆ ಸಮಿತಿಯಲ್ಲಿ ಜಾಗ ಇರಲಿಲ್ಲ.

ಹಾಗಾದರೆ ಸೀಸ ಹೋದದ್ದು ಹೇಗೆ? ಮೊದಲ ಪೆಟ್ಟು ಬಿದ್ದದ್ದು ಮಕ್ಕಳ ಮಿದುಳಿನ ಕಾಳಜಿಯಿಂದಲ್ಲ ಎಂಬುದು ನನಗೆ ಈಗಲೂ ನೋವು ಕೊಡುವ ಸಂಗತಿ. 1975ರಿಂದ ಅಮೆರಿಕದ ಕಾರುಗಳಿಗೆ ಹೊಗೆ ಶುದ್ಧ ಮಾಡುವ ಕ್ಯಾಟಲಿಟಿಕ್ ಕನ್ವರ್ಟರ್ ಬಂತು. ಅದರೊಳಗಿನ ಪ್ಲಾಟಿನಂ ಮೇಲೆ ಸೀಸ ಕೂತರೆ ಅದು ಕೆಟ್ಟುಹೋಗುತ್ತದೆ. ಯಂತ್ರ ಉಳಿಸಲು ಸೀಸವಿಲ್ಲದ ಪೆಟ್ರೋಲ್ ಬೇಕಾಯಿತು. ಮಕ್ಕಳ ಲೆಕ್ಕ ಆಮೇಲೆ ಬಂತು. 1979ರಲ್ಲಿ ಹರ್ಬರ್ಟ್ ನೀಡ್ಲ್‌ಮನ್ ಎಂಬ ವೈದ್ಯರು ಬಾಸ್ಟನ್ ಬಳಿಯ ಶಾಲಾ ಮಕ್ಕಳ ಉದುರಿದ ಹಾಲುಹಲ್ಲುಗಳನ್ನು ಕೂಡಿಸಿ ಸೀಸ ಅಳೆದರು. ಹಲ್ಲಿನಲ್ಲಿ ಸೀಸ ಜಾಸ್ತಿ ಇದ್ದ ಮಕ್ಕಳು ಬುದ್ಧಿಮತ್ತೆಯ ಪರೀಕ್ಷೆಯಲ್ಲಿ ಹಿಂದೆ ಬಿದ್ದಿದ್ದರು, ತರಗತಿಯಲ್ಲಿ ಅವರ ಗಮನ ನಿಲ್ಲುತ್ತಿರಲಿಲ್ಲ. ಯಾರಿಗೂ ಕಾಯಿಲೆ ಇದ್ದಂತೆ ಕಾಣುತ್ತಿರಲಿಲ್ಲ. 1970ರ ದಶಕದ ಕೊನೆಗೆ ಅಮೆರಿಕದ ಪುಟ್ಟ ಮಕ್ಕಳ ಪ್ರತಿ ಡೆಸಿಲೀಟರ್ ರಕ್ತದಲ್ಲಿ ಸರಾಸರಿ 15 ಮೈಕ್ರೊಗ್ರಾಂ ಸೀಸ ಇತ್ತು. ಪೆಟ್ರೋಲಿನ ಸೀಸ ಇಳಿದಂತೆ ಇದೂ ಇಳಿದು, 1990ರ ದಶಕದಲ್ಲಿ 3ಕ್ಕಿಂತ ಕೆಳಗೆ ಬಂತು.

ನಮ್ಮಲ್ಲಿ 1995ರ ಏಪ್ರಿಲ್‌ನಲ್ಲಿ ನಾಲ್ಕು ಮಹಾನಗರಗಳಿಗೆ ಸೀಸರಹಿತ ಪೆಟ್ರೋಲ್ ಬಂತು. 2000ದ ಫೆಬ್ರವರಿ 1ರಿಂದ ಇಡೀ ದೇಶಕ್ಕೆ. ಈ ಕತೆಯಲ್ಲಿ ಬೆಂಗಳೂರಿಗೂ ಒಂದು ಪಾಲಿದೆ. ಜಾರ್ಜ್ ಫೌಂಡೇಶನ್ ಎಂಬ ಸಂಸ್ಥೆ ಹಲವು ನಗರಗಳಲ್ಲಿ ಸಾವಿರಾರು ಜನರ ರಕ್ತ ಪರೀಕ್ಷೆ ಮಾಡಿಸಿತು. 1999ರ ಫೆಬ್ರವರಿಯಲ್ಲಿ ಬೆಂಗಳೂರಿನಲ್ಲೇ ಸೀಸದ ವಿಷದ ಬಗ್ಗೆ ಅಂತರರಾಷ್ಟ್ರೀಯ ಸಮ್ಮೇಳನ ನಡೆಯಿತು. ಹೊಗೆಯಲ್ಲಿ ಏನಿದೆ ಎಂದು ನಮ್ಮೂರಿನಲ್ಲೇ ಕೂತು ಅಳೆದವರು ಇದ್ದರು ಎಂಬುದನ್ನು ನಾವು ನೆನಪಿಡಬೇಕು.

ಇಷ್ಟಕ್ಕೂ ಸೀಸ ಮಾಡುವುದೇನು? ಅದು ಕ್ಯಾಲ್ಸಿಯಂ ವೇಷದಲ್ಲಿ ಬರುತ್ತದೆ. ದೇಹಕ್ಕೆ ಎರಡರ ನಡುವೆ ವ್ಯತ್ಯಾಸ ತಿಳಿಯುವುದಿಲ್ಲ. ಕ್ಯಾಲ್ಸಿಯಂಗೆ ತೆರೆಯುವ ಬಾಗಿಲು ಸೀಸಕ್ಕೂ ತೆರೆಯುತ್ತದೆ. ಮಿದುಳಿನೊಳಗೆ ನರಗಳು ಒಂದಕ್ಕೊಂದು ಮಾತಾಡಲು ಕ್ಯಾಲ್ಸಿಯಂ ಬೇಕು, ಅಲ್ಲಿಗೆ ಸೀಸ ಹೋಗಿ ಕೂತರೆ ಮಾತು ತಪ್ಪುತ್ತದೆ. ಉಳಿದದ್ದು ಮೂಳೆ ಸೇರಿ ಹತ್ತಾರು ವರ್ಷ ಅಲ್ಲೇ ಇರುತ್ತದೆ. ಬಸುರಿಯ ಮೂಳೆಯಿಂದ ಮಗುವಿಗಾಗಿ ಕ್ಯಾಲ್ಸಿಯಂ ಇಳಿಯುವಾಗ, ಅವಳು ಬಾಲ್ಯದಲ್ಲಿ ಉಸಿರಾಡಿದ ಸೀಸವೂ ಜೊತೆಗೆ ಇಳಿಯಬಹುದು. ದೊಡ್ಡವರಲ್ಲಿ ರಕ್ತದೊತ್ತಡ ಏರುತ್ತದೆ, ಹೃದಯಕ್ಕೆ ತೊಂದರೆ. ಕಬ್ಬಿಣ, ಕ್ಯಾಲ್ಸಿಯಂ ಕಡಿಮೆ ಇರುವ ದೇಹ ಸೀಸವನ್ನು ಇನ್ನೂ ಜಾಸ್ತಿ ಹೀರುತ್ತದೆ. 2019–21ರ ಸಮೀಕ್ಷೆಯಲ್ಲಿ ಐದು ವರ್ಷದೊಳಗಿನ ಮಕ್ಕಳಲ್ಲಿ ಶೇ. 67ರಷ್ಟು ಜನರಿಗೆ ರಕ್ತಹೀನತೆ ಕಂಡುಬಂದ ದೇಶ ನಮ್ಮದು. ಊಟ ಸಾಲದ ಮನೆಗೇ ವಿಷವೂ ಹೆಚ್ಚು ತಟ್ಟುತ್ತದೆ.

ಪೆಟ್ರೋಲಿನಿಂದ ಹೋದ ಮೇಲೂ ಕತೆ ಮುಗಿಯಲಿಲ್ಲ. 2020ರಲ್ಲಿ ಯುನಿಸೆಫ್ ಮತ್ತು ಪ್ಯೂರ್ ಅರ್ಥ್ ಸಂಸ್ಥೆ ಒಂದು ವರದಿ ಕೊಟ್ಟವು. ಜಗತ್ತಿನಲ್ಲಿ ಸುಮಾರು 80 ಕೋಟಿ ಮಕ್ಕಳ ರಕ್ತದಲ್ಲಿ, ಡೆಸಿಲೀಟರಿಗೆ 5 ಮೈಕ್ರೊಗ್ರಾಂ ಅಥವಾ ಅದಕ್ಕಿಂತ ಹೆಚ್ಚು ಸೀಸ ಇದೆ ಎಂಬುದು ಅದರ ಅಂದಾಜು. ಮೂವರಲ್ಲಿ ಒಂದು ಮಗು. ಭಾರತದಲ್ಲೇ 27 ಕೋಟಿಗೂ ಹೆಚ್ಚು. ಈ ಸಂಖ್ಯೆ ಓದಿದ ದಿನ ನನಗೆ ನಿದ್ದೆ ಬರಲಿಲ್ಲ. ಸುಮ್ನೆ ಹೇಳುತ್ತಿಲ್ಲ.

ಎಲ್ಲಿಂದ ಬರುತ್ತದೆ ಇದು? ದೊಡ್ಡ ಮೂಲ ಬ್ಯಾಟರಿ. ಜಗತ್ತಿನಲ್ಲಿ ಬಳಕೆಯಾಗುವ ಸೀಸದ ಶೇ. 85ರಷ್ಟು ಈಗ ಬ್ಯಾಟರಿಗೆ ಹೋಗುತ್ತದೆ. ಕಾರಿನಲ್ಲಿ, ಇ-ರಿಕ್ಷಾದಲ್ಲಿ, ಮೊಬೈಲ್ ಟವರಿನಲ್ಲಿ, ಕರೆಂಟ್ ಹೋದಾಗ ಫ್ಯಾನ್ ತಿರುಗಿಸುವ ಯುಪಿಎಸ್‌ನಲ್ಲಿ. ಬ್ಯಾಟರಿ ತಾನಾಗಿ ಕೆಟ್ಟದ್ದಲ್ಲ. ಅದರೊಳಗಿನ ಸೀಸವನ್ನು ಮತ್ತೆ ಮತ್ತೆ ಕರಗಿಸಿ ಬಳಸಬಹುದು, ಆದ್ದರಿಂದಲೇ ಹಳೆ ಬ್ಯಾಟರಿಗೂ ಒಳ್ಳೆ ಬೆಲೆ. ತೊಂದರೆ ಇರುವುದು ಕರಗಿಸುವ ಜಾಗದಲ್ಲಿ. ಸರಿಯಾದ ಕಾರ್ಖಾನೆಯಲ್ಲಿ ಹೊಗೆ ಹಿಡಿಯುವ ವ್ಯವಸ್ಥೆ ಇರುತ್ತದೆ, ಅದಕ್ಕೆ ಖರ್ಚು ಬರುತ್ತದೆ. ಆ ಖರ್ಚಿಲ್ಲದವನು ಗುಜರಿಯವನಿಗೆ ಹೆಚ್ಚು ದುಡ್ಡು ಕೊಡಬಲ್ಲ. ಅವನು ಕೊಡಲಿಯಿಂದ ಬ್ಯಾಟರಿ ಒಡೆದು, ಆಮ್ಲವನ್ನು ನೆಲಕ್ಕೆ ಚೆಲ್ಲಿ, ಬಯಲಿನಲ್ಲೇ ಸೀಸ ಕಾಯಿಸುತ್ತಾನೆ. ಸೆನೆಗಲ್ ದೇಶದ ಡಕಾರ್ ಪಕ್ಕದ ಥಿಯಾರೊಯ್ ಎಂಬಲ್ಲಿ ಹೀಗೇ ನಡೆಯುತ್ತಿತ್ತು. 2007ರ ಕೊನೆಯಿಂದ 2008ರ ಮಾರ್ಚ್‌ವರೆಗೆ ಅಲ್ಲಿ 18 ಮಕ್ಕಳು ಸತ್ತರು. ಆಡುವ ಮಣ್ಣೇ ಸೀಸವಾಗಿತ್ತು. ಹಳೆ ಬ್ಯಾಟರಿಯನ್ನು ತಯಾರಕರೇ ವಾಪಸ್ ಪಡೆಯಬೇಕು ಎಂಬ ನಿಯಮ ನಮ್ಮಲ್ಲಿ 2001ರಲ್ಲೇ ಬಂತು, 2022ರಲ್ಲಿ ಅದರ ಜಾಗಕ್ಕೆ ಹೊಸ ನಿಯಮ ಬಂದಿದೆ.

ಇನ್ನೊಂದು ಮೂಲ ಕೇಳಿದರೆ ಅಡುಗೆಮನೆಯಲ್ಲಿ ನಿಂತವರಿಗೆ ಕೈ ನಡುಗುತ್ತದೆ. ಅರಿಶಿನ. ಮದುವೆಗೆ, ಗಾಯಕ್ಕೆ, ಹುಳಿಗೆ, ಬಾಣಂತಿಗೆ ಬೇಕಾದ ಅದೇ ಅರಿಶಿನ. ಬಾಂಗ್ಲಾದೇಶದಲ್ಲಿ 1980ರ ದಶಕದಲ್ಲಿ ಪ್ರವಾಹ ಬಂದು ಕೊಂಬುಗಳು ನೆನೆದು ಬಣ್ಣಗೆಟ್ಟವು. ಹಳದಿ ಹೊಳಪು ಬರಲೆಂದು ಕೆಲವರು ಲೆಡ್ ಕ್ರೋಮೇಟ್ ಹಚ್ಚತೊಡಗಿದರು. ಪೇಂಟಿಗೆ ಹಾಕುವ ಬಣ್ಣ ಅದು. ಪ್ರವಾಹ ಇಳಿದರೂ ರೂಢಿ ಉಳಿಯಿತು. ಮುಂದೆ ಆ ದೇಶದ ಹಳ್ಳಿಯ ಬಸುರಿಯರ ರಕ್ತದಲ್ಲಿ ಸೀಸ ಯಾಕಿದೆ ಎಂದು ಸ್ಟ್ಯಾನ್‌ಫರ್ಡ್ ವಿಶ್ವವಿದ್ಯಾಲಯ ಮತ್ತು ಢಾಕಾದ ಸಂಶೋಧಕರು ಹುಡುಕಿದರು. ಅವರು ಬಳಸಿದ್ದು ಪ್ಯಾಟರ್ಸನ್ ಉಲ್ಕೆಯ ವಯಸ್ಸು ಕಂಡುಹಿಡಿಯಲು ಬಳಸಿದ ಉಪಾಯವನ್ನೇ. ಸೀಸದಲ್ಲಿ ಕೆಲವು ಬಗೆಗಳಿವೆ, ಅವುಗಳ ಪ್ರಮಾಣ ಬೆರಳಚ್ಚಿನ ಹಾಗೆ. ರಕ್ತದ ಸೀಸ ಮತ್ತು ಅರಿಶಿನದ ಸೀಸ ಹೊಂದಿಕೊಂಡವು.

ಆಮೇಲೆ ನಡೆದದ್ದನ್ನು ಓದಿದಾಗ ನನಗೆ ಕಣ್ಣು ತುಂಬಿತು. ಬೆಲೆಚೀಟಿ ಅಂಟಿಸುವ ಗನ್ನಿನಂಥ ಒಂದು ಉಪಕರಣ ಇದೆ. ಕ್ಷ-ಕಿರಣ ಬಿಟ್ಟು, ಎದುರಿನ ವಸ್ತುವಿನಲ್ಲಿ ಸೀಸ ಇದೆಯೇ ಎಂದು ನಿಂತಲ್ಲೇ ಹೇಳುತ್ತದೆ. 2019ರಲ್ಲಿ ಬಾಂಗ್ಲಾದೇಶದ ಆಹಾರ ಸುರಕ್ಷತಾ ಪ್ರಾಧಿಕಾರದವರು ಅದನ್ನು ಹಿಡಿದು ಢಾಕಾದ ಸಗಟು ಮಾರುಕಟ್ಟೆಗೆ ಹೋದರು. ಚೀಲಕ್ಕೆ ಹಿಡಿದರು, ಸಿಕ್ಕಿಬಿದ್ದವರಿಗೆ ದಂಡ ಹಾಕಿದರು. ಟಿವಿಯಲ್ಲಿ ಎಲ್ಲರೂ ನೋಡಿದರು. ಆ ವರ್ಷ ಪೇಟೆಯ ಅರಿಶಿನದ ಮಾದರಿಗಳಲ್ಲಿ ಶೇ. 47ರಲ್ಲಿ ಸೀಸ ಇತ್ತು. 2021ರಲ್ಲಿ ಅಳೆದಾಗ ಸೊನ್ನೆ. ಪೆಟ್ರೋಲಿಗೆ ನೂರು ವರ್ಷ, ಅರಿಶಿನಕ್ಕೆ ಎರಡು ವರ್ಷ. ಪಟ್ನಾದಂಥ ನಮ್ಮ ಊರುಗಳ ಅರಿಶಿನದಲ್ಲೂ ಸೀಸ ಸಿಕ್ಕಿದೆ. ಚಾಮರಾಜನಗರದ ರೈತ ಬೆಳೆಯುವ ಗೆಡ್ಡೆಯಲ್ಲಿ ಆ ಬಣ್ಣ ಇರುವುದಿಲ್ಲ. ಅದು ಸೇರುವುದು ಕೊಂಬು ಪಾಲಿಶ್ ಆಗುವ ಹೊತ್ತಿನಲ್ಲಿ. ಹಾಗಾಗಿ ಅಂಥ ಉಪಕರಣ ನಮ್ಮ ಮಂಡಿಗಳಿಗೂ ಬರಬೇಕು ಎಂದು ನಾನು ಕೇಳುತ್ತೇನೆ.

ನಮ್ಮ ಮನೆಯ ಮೆಟ್ಟಿಲ ಕೆಳಗೆ ಒಂದು ಯುಪಿಎಸ್ ಬ್ಯಾಟರಿ ಇದೆ. ಐವತ್ತು ಕೆ.ಜಿ.ಗಿಂತ ಜಾಸ್ತಿ ತೂಕ, ಅದರಲ್ಲಿ ಅರ್ಧದಷ್ಟಾದರೂ ಸೀಸ. ಕೂರಿಸಿದ ಹುಡುಗ ಅದರ ಮೇಲೆ ಮಾರ್ಕರ್‌ನಲ್ಲಿ ತಾರೀಕು ಬರೆದು ಹೋಗಿದ್ದಾನೆ. ಹಿಂದಿನ ಬ್ಯಾಟರಿಯನ್ನು ಗುಜರಿಯವರು ತಕ್ಕಡಿಗೆ ಹಾಕಿ, ದುಡ್ಡು ಎಣಿಸಿ, ಸ್ಕೂಟರ್ ಮೇಲೆ ಇಟ್ಟುಕೊಂಡು ಹೋದರು. ಎಲ್ಲಿಗೆ ಎಂದು ನಾನು ಕೇಳಲಿಲ್ಲ. ಈ ಸಲ ಅಂಗಡಿಗೆ ಈಗಲೇ ಫೋನ್ ಮಾಡಿ ಕೇಳಿದ್ದೇನೆ: ಹಳೆಯದನ್ನು ಯಾರು ಕರಗಿಸುತ್ತಾರೆ, ಆ ಜಾಗ ಎಲ್ಲಿದೆ, ಬರೆದು ಕೊಡುತ್ತೀರಾ? ವಿಚಾರಿಸಿ ಹೇಳುತ್ತೇವೆ ಎಂದಿದ್ದಾರೆ.